ಅಕ್ಕನ ಬಾಣಂತಿ ನೀರು

ಮಗಳ ಸ್ನೇಹಿತೆಯರು ಬಾಣಂತಿಯಾದ ಅವಳಿಗೆಂದು ಒಂದು ಬುಟ್ಟಿ ಕಳಿಸಿದ್ದರು. ಮೇಣದ ಬತ್ತಿ, ಸೋಪು, ಲೋಷನ್ನು, ಅವುಗಳ ಮಧ್ಯೆ ರಿಬ್ಬನ್ ಕಟ್ಟಿದ ಒಂದು ಪೊಟ್ಟಣ. ಯಾವುದೋ ಚಿಲುಮೆಯ ನೀರಿನಿಂದ ತೆಗೆದ ಉಪ್ಪಂತೆ. ಟಬ್ಬಿನ ನೀರಿಗೆ ಹಾಕಿಕೊಂಡು ಕೂತರೆ ಮೈಕೈ ನೋವು ಹೋಗುತ್ತದಂತೆ. ಒಳಗೇನಿದೆ ನೋಡೋಣವೆಂದು ಕತ್ತರಿಯಿಂದ ಮೂಲೆ ಕತ್ತರಿಸಿದೆ, ಅಷ್ಟೇ. ಕೊಳೆತ ಮೊಟ್ಟೆಯ ನಾತ ಗಪ್ಪನೆ ಮೂಗಿಗೆ ಬಡಿಯಿತು.

"ಅಮ್ಮಾ, ವಾಟ್ ಈಸ್ ದಟ್ ಸ್ಮೆಲ್?" ಎಂದು ಮಗಳು ಒಳಗಿನಿಂದ ಕೂಗಿದಳು. ಪೊಟ್ಟಣದ ಬಾಯಿ ಮಡಚಿ ಬಾಲ್ಕನಿಯ ಬಾಗಿಲು ತೆರೆದೆ. ಫೋರ್ಟ್ ಲೀಯಲ್ಲಿ ಮಗಳ ಫ್ಲಾಟಿನ ಆ ಎತ್ತರದಿಂದ ನೋಡಿದರೆ ಸೇತುವೆಯ ಮೇಲೆ ಕಾರುಗಳು ಸಾಲುಗಟ್ಟಿ ಮ್ಯಾನ್‌ಹ್ಯಾಟನ್ ಕಡೆ ತೆವಳುತ್ತಿದ್ದವು. ಗಾಳಿ ಒಳಗೆ ಬಂತು, ನಾತ ಹೊರಗೆ ಹೋಗಲಿಲ್ಲ. ಅದರ ಹಿಂದೆಯೇ ಹರಳೆಣ್ಣೆಯ ಜಿಡ್ಡು ವಾಸನೆಯೂ ಬಂದಂತಾಯಿತು… ಆ ಮನೆಯಲ್ಲಿ ಹರಳೆಣ್ಣೆ ಇರಲೇ ಇಲ್ಲ. ಹಿಂದೆ ಜರ್ಸಿ ಸಿಟಿಯಲ್ಲಿ ನಮ್ಮ ಹಿಂಭಾಗದ ಮನೆಯಲ್ಲಿದ್ದ ಅಕ್ಕ ನೆನಪಾದರು.

ಮೊದಲೇ ಹೇಳಿಬಿಡುತ್ತೇನೆ, ನನ್ನದು ಅಸಹ್ಯ ಪಡುವ ಜೀವ. ಇನ್ನೊಬ್ಬರು ಕುಡಿದ ಲೋಟ, ಇನ್ನೊಬ್ಬರ ತಲೆಕೂದಲು, ಇನ್ನೊಬ್ಬರ ಬೆವರು, ಯಾವುದೂ ನನಗಾಗದು. ಬೆಂಗಳೂರಿನ ನಮ್ಮ ಮನೆಯಲ್ಲಿ ಒಬ್ಬರ ಟವೆಲ್ಲನ್ನು ಮತ್ತೊಬ್ಬರು ಮುಟ್ಟುತ್ತಿರಲಿಲ್ಲ. ಅಂಥವಳನ್ನು ಮದುವೆ ಮಾಡಿ ಜರ್ಸಿ ಸಿಟಿಗೆ ಕಳಿಸಿದರು. ಎಪ್ಪತ್ತರ ದಶಕದ ಶುರು ಅದು. ನಮ್ಮವರು ಇನ್ನೂ ಓದುತ್ತಿದ್ದರು. ಮಸಾಲೆ ವಾಸನೆಯ ಜನಕ್ಕೆ ಮನೆ ಕೊಡುವವರೇ ಕಡಿಮೆ. ಅಲೆದಲೆದು ಕೊನೆಗೆ ಸಿಕ್ಕಿದ್ದು ಒತ್ತೊತ್ತಾಗಿ ಅಂಟಿಕೊಂಡ ಮನೆಗಳ ಬೀದಿಯಲ್ಲಿ ಒಂದು ಹಳೇ ಮನೆಯ ಮಹಡಿ. ಮಹಡಿಯ ಮುಂಭಾಗ ನಮ್ಮದು, ಹಿಂಭಾಗದಲ್ಲಿ ಧಾರವಾಡದ ಗಂಡಹೆಂಡತಿ, ನಡುವೆ ಎರಡೂ ಸಂಸಾರಕ್ಕೆ ಸೇರಿ ಒಂದೇ ಬಾತ್‌ರೂಮು. ಕೆಳಗೆ ಮನೆಯೊಡತಿ, ಇಟಲಿ ಕಡೆಯ ಮುದುಕಿ.

ಆ ಬಾತ್‌ರೂಮನ್ನು ನೆನೆದರೆ ಈಗಲೂ ಮುಖ ಕಿವುಚಿಕೊಳ್ಳುತ್ತದೆ. ನೆಲಕ್ಕೆ ಮೋರಿಯೇ ಇಲ್ಲ. ಮರದ ಹಲಗೆಯ ಮೇಲೆ ಪ್ಲಾಸ್ಟಿಕ್ಕಿನ ಹಾಸು, ಅದರ ಮೇಲೆ ಸಿಂಹದ ಪಾದದ ಒಂದು ಟಬ್ಬು. ಟಬ್ಬಿನ ಒಳಗೋಡೆಗೆ, ನೀರು ನಿಂತು ನಿಂತು, ಒಂದು ಕಂದು ಗೆರೆ. ಎಷ್ಟು ಉಜ್ಜಿದರೂ ಹೋಗದ ಆ ಗೆರೆಯಲ್ಲಿ ಯಾರ್ಯಾರ ಮೈಯ ಕೊಳೆ ಇದ್ದೀತು ಎಂದು ಯೋಚಿಸುತ್ತಾ ನಾನು ತುದಿಗಾಲಲ್ಲಿ ನಿಂತು ಸ್ನಾನ ಮುಗಿಸುತ್ತಿದ್ದೆ. ತನ್ನ ಕೊಳೆಯಲ್ಲಿ ತಾನೇ ನೆನೆದು ಎದ್ದು ಬರುವುದನ್ನು ಸ್ನಾನ ಎನ್ನುವ ದೇಶ ಇದು ಎಂದು ಅಮ್ಮನಿಗೆ ಬರೆದಿದ್ದೆ ಕೂಡ.

ಹಿಂಭಾಗದ ಮನೆಯ ಅಕ್ಕ ನನಗಿಂತ ಕೆಲವು ವರ್ಷ ದೊಡ್ಡವರು. ಎತ್ತರದ ಆಳು, ಅಗಲ ಅಂಗೈ. ಚಳಿಗೆಂದು ಗಂಡನ ಉಣ್ಣೆ ಕಾಲುಚೀಲ ಹಾಕಿಕೊಂಡು ಅದರ ಮೇಲೆ ಹವಾಯಿ ಚಪ್ಪಲಿ ತುರುಕಿಕೊಳ್ಳುತ್ತಿದ್ದರು. ಸಾರಿನ ರುಚಿ ನೋಡಲು ಅಂಗೈಗೆ ಹಾಕಿಕೊಂಡು ನೆಕ್ಕಿ, ಅದೇ ಕೈಯಲ್ಲಿ ನನಗೆ ರೊಟ್ಟಿ ಕೊಡಲು ಬರುತ್ತಿದ್ದರು. ಸೆರಗಿನಿಂದ ಮೂಗೊರೆಸಿಕೊಳ್ಳುತ್ತಿದ್ದರು. ಅವರು ಕೊಟ್ಟ ರೊಟ್ಟಿಯನ್ನು ನಾನು ಒಲೆಯ ಉರಿಗೆ ಹಿಡಿದು ಸುಟ್ಟು ತಿನ್ನುತ್ತಿದ್ದೆ. ಅವರ ಪ್ರೀತಿಗೆ ನನ್ನ ತಕರಾರಿರಲಿಲ್ಲ, ಕೈಗೆ ಮಾತ್ರ ಇತ್ತು.

ಇಬ್ಬರೂ ಒಂದೇ ಕಾಲಕ್ಕೆ ಬಸುರಾದೆವು. ಅವರದು ನನಗಿಂತ ಸ್ವಲ್ಪ ಮುಂದೆ. ಅವರು ಆಸ್ಪತ್ರೆಗೆ ಹೋದರು, ಬರಿಗೈಯಲ್ಲಿ ಬಂದರು. ಮಗು ಉಸಿರಾಡಲಿಲ್ಲವಂತೆ. ನೋಡದಿದ್ದರೆ ಬೇಗ ಮರೆಯುತ್ತೀರಿ ಎಂದು ತೋರಿಸಲೂ ಇಲ್ಲವಂತೆ. ಹಾಲು ನಿಲ್ಲಲು ಮಾತ್ರೆ ಕೊಟ್ಟರು, ಮಿಕ್ಕಿದ್ದನ್ನು ಆಸ್ಪತ್ರೆಯವರೇ ನೋಡಿಕೊಂಡರು. ದೃಷ್ಟಿ ತಾಕುತ್ತದೆ, ಹೆರಿಗೆಯಾದ ಮೇಲೆ ಬರೆಯೋಣ ಎಂದು ಊರಿಗೆ ಬಸುರಿನ ಸುದ್ದಿಯನ್ನೇ ತಿಳಿಸಿರಲಿಲ್ಲ. ಇನ್ನು ತಿಳಿಸುವುದೇನು ಎಂದು ಗಂಡ ಸುಮ್ಮನಾದರು. ನಮ್ಮವರಂತೂ ಅವರ ಮುಂದೆ ಆ ಮಾತೇ ಎತ್ತಬೇಡ ಎಂದು ನನಗೆ ತಾಕೀತು ಮಾಡಿದರು. ಹೀಗೆ ಎಲ್ಲರೂ ಸೇರಿ, ಆ ಮಹಡಿಯ ಹಿಂಭಾಗದಲ್ಲಿ ಏನೂ ನಡೆದೇ ಇಲ್ಲ ಎನ್ನುವ ಹಾಗೆ ಮಾಡಿಬಿಟ್ಟೆವು.

ಆಮೇಲೆ ನನ್ನ ಹೆರಿಗೆಯಾಯಿತು. ಮಗುವನ್ನು ಎತ್ತಿಕೊಂಡು ಮೆಟ್ಟಿಲು ಹತ್ತಿ ಬಂದಾಗ ಅಕ್ಕ ಬಾಗಿಲಲ್ಲೇ ನಿಂತಿದ್ದರು. ಕೈಯಲ್ಲಿ ಕಾಯಿಸಿದ ಹರಳೆಣ್ಣೆಯ ಬಟ್ಟಲು.

"ಬಾಣಂತಿ ಅದೀ ನೀ. ನಿಂದ್ರಬ್ಯಾಡ, ನಡಿ ಒಳಗ," ಎಂದರು.

"ಅಕ್ಕ, ನೀವೂ ಅಲ್ವಾ…" ಎಂದೆ. ನಮ್ಮವರ ತಾಕೀತು ನೆನಪಿಗೆ ಬಂದು ಅರ್ಧಕ್ಕೆ ನಿಲ್ಲಿಸಿದೆ.

"ನಿಂದ ಮುಗೀಲಿ. ಆಮ್ಯಾಲ ನಂದು ನೋಡೂಣು."

ಹರಳೆಣ್ಣೆ ಎಲ್ಲಿಂದ ಬಂತು ಎಂದರೆ, ಬೀದಿ ಕೊನೆಯ ಔಷಧಿ ಅಂಗಡಿಯಿಂದ. ಅಮೆರಿಕದವರಿಗೆ ಅದು ಹೊಟ್ಟೆ ಸಡಿಲವಾಗಲು ಚಮಚದಲ್ಲಿ ಕುಡಿಯುವ ಔಷಧಿ. ಅಕ್ಕ ಮೇಲಿಂದ ಮೇಲೆ ಹೋಗಿ ಬಾಟಲಿ ತರುತ್ತಿದ್ದುದನ್ನು ನೋಡಿ ಅಂಗಡಿಯವನು, ಡಾಕ್ಟರಿಗೆ ತೋರಿಸುವುದು ಒಳ್ಳೆಯದು ಎಂದು ಮರ್ಯಾದೆಯಿಂದ ಹೇಳಿದನಂತೆ. ಮನೆಯವರೆಲ್ಲ ಬಳಸುತ್ತೇವೆ ಎಂದು ಅಕ್ಕ ಅಷ್ಟೇ ಮರ್ಯಾದೆಯಿಂದ ಉತ್ತರ ಕೊಟ್ಟು ಬಂದರು. ಅವನು ಮನೆಯ ಬಗ್ಗೆ ಏನು ತಿಳಿದುಕೊಂಡನೋ.

ಆ ಅಗಲ ಅಂಗೈ ನನ್ನ ಬೆನ್ನಿನ ಮೇಲೆ, ಹೊಟ್ಟೆಯ ಮೇಲೆ ಓಡಾಡುವುದನ್ನು ಹಲ್ಲು ಕಚ್ಚಿ ಸಹಿಸಿಕೊಂಡೆ. ಟಬ್ಬಿನಲ್ಲಿ ಕೂಡಿಸಿ ಎರೆಯುವುದು ಅವರಿಗೂ ಒಪ್ಪಿಗೆಯಿಲ್ಲ, ಅದರ ಗೋಡೆ ಅಡ್ಡ ಬಂದು ಸೊಂಟಕ್ಕೆ ನೀರು ಬೀಳುವುದಿಲ್ಲ. ಹಾಗಾಗಿ ನೆಲದ ಮೇಲೆ ಸ್ಟೂಲು ಹಾಕಿ ಕೂಡಿಸಿ, ಒಲೆಯ ಮೇಲೆ ಕಾದ ನೀರನ್ನು ಬಕೆಟ್ಟಿನಲ್ಲಿ ಹದ ಮಾಡಿಕೊಂಡು, ಸ್ಟೀಲಿನ ತಂಬಿಗೆಯಿಂದ ಬೀಸಿ ಬೀಸಿ ಹೊಡೆಯುತ್ತಿದ್ದರು. ಸೊಂಟಕ್ಕೆ, ಕಿಬ್ಬೊಟ್ಟೆಗೆ, ಭುಜಕ್ಕೆ. ಚರ್ಮ ಕೆಂಪಗಾಗುತ್ತಿತ್ತು. ಆಮೇಲೆ ಹಾಸಿಗೆಗೆ ಬಿದ್ದರೆ ಸತ್ತಂತೆ ನಿದ್ದೆ. ಅಸಹ್ಯ ಪಡುತ್ತಲೇ ಮರುದಿನ ಅದಕ್ಕಾಗಿ ಕಾಯುತ್ತಿದ್ದೆ, ಅದೂ ನಿಜ.

ನಾವು ಯಾರೂ ಯೋಚಿಸದೇ ಹೋದದ್ದು ಆ ನೀರು ಎಲ್ಲಿಗೆ ಹೋಗುತ್ತದೆ ಎಂದು. ಊರಲ್ಲಿ ಬಚ್ಚಲ ನೀರು ಮೋರಿಗೆ ಹೋಗುತ್ತದೆ, ಮುಗಿಯಿತು. ಇಲ್ಲಿ ಹಲಗೆಯ ಸಂದಿಯಲ್ಲಿ ಇಳಿಯಿತು. ಒಂದು ಭಾನುವಾರ ಮನೆಯೊಡತಿ ಮಗನ ಸಂಸಾರಕ್ಕೆಂದು ಬೆಳಗಿನಿಂದ ಟೊಮ್ಯಾಟೊ ಸಾಸ್ ಕುದಿಸುತ್ತಿದ್ದಳು. ಸರಿಯಾಗಿ ಆ ಪಾತ್ರೆಯ ನೆತ್ತಿಗೆ ನಮ್ಮ ಬಚ್ಚಲು. ನನ್ನ ಮೈಯಿಂದ ಇಳಿದ ಎಣ್ಣೆ, ಸೀಗೆಪುಡಿ, ಎಲ್ಲ ಬೆರೆತ ಕಂದು ನೀರು ಚಾವಣಿಯಿಂದ ಅವಳ ಸಾಸಿಗೆ ತೊಟ್ಟಿಕ್ಕಿತು. ಅವಳು ಮೇಲೆ ಬಂದು ಕಿರುಚಿದ್ದರಲ್ಲಿ ನನಗೆ ಅರ್ಥವಾದದ್ದು ಒಂದೇ ಮಾತು, ಡಿಸ್ಗಸ್ಟಿಂಗ್. ಅವಳನ್ನು ನಾನು ದೂರಲಾರೆ. ಅವಳ ಜಾಗದಲ್ಲಿ ನಾನಿದ್ದಿದ್ದರೆ ಆ ಪಾತ್ರೆಯ ಸಮೇತ ನಮ್ಮನ್ನು ಬೀದಿಗೆ ಎಸೆಯುತ್ತಿದ್ದೆ.

ಇನ್ನು ಒಂದು ತೊಟ್ಟು ಎಣ್ಣೆ ಆ ಬಾತ್‌ರೂಮಿನಲ್ಲಿ ಕಂಡರೂ ಎರಡೂ ಸಂಸಾರ ಮನೆ ಖಾಲಿ ಮಾಡಬೇಕು ಎಂದಳು. ನನ್ನ ಬಾಣಂತನ ಅಷ್ಟರಲ್ಲಿ ಹೆಚ್ಚುಕಡಿಮೆ ಮುಗಿದಿತ್ತು. ಅಕ್ಕನದು ಶುರುವಾಗಬೇಕಿತ್ತು. ಅವರು ಎಣ್ಣೆ ಬಾಟಲಿಗಳನ್ನು ಒರೆಸಿ ಕಪಾಟಿನಲ್ಲಿಟ್ಟರು. ಅವತ್ತು ಮಧ್ಯಾಹ್ನ ನನ್ನ ಮಗುವನ್ನು ಹೆಗಲ ಮೇಲೆ ಹಾಕಿಕೊಂಡು ತಟ್ಟುತ್ತಾ, ಯಾರಿಗೋ ಹೇಳುವಂತೆ ಹೇಳಿದರು.

"ಹಡದ ಮೈ ಹಡದ ಮೈನ. ಕೂಸು ಇದ್ರೇನು, ಇಲ್ದಿದ್ರೇನು, ಮೈಗೇನ ಗೊತ್ತು? ಒಮ್ಮೆರ ಯಾರರ ನನಗ ಎರದಿದ್ರ, ನಾನೂ ಹಡದೇನಿ ಅಂತ ಆಗ್ತಿತ್ತು. ಈಗ ನೋಡು, ಏನೂ ಆಗಿಲ್ಲದಂಗ ಅದ."

ನದಿಯಾಚೆ ಫ್ಲಶಿಂಗ್‌ನಲ್ಲಿ ಈಗಿರುವ ಗುಡಿಯೂ ಆಗ ಇರಲಿಲ್ಲ, ಇವರಿಗೆ ನೀರು ಹಾಕಬಲ್ಲ ಇನ್ನೊಂದು ಮನೆಯೂ ನಮಗೆ ಗೊತ್ತಿರಲಿಲ್ಲ. ಅವರಿಗೆ ಬೇಕಿದ್ದುದು ಬಿಸಿನೀರು, ಎಣ್ಣೆ, ಒಂದು ಮೋರಿ, ಎರೆಯಲು ಒಂದು ಕೈ. ಇಷ್ಟನ್ನು ಒಂದು ಕಡೆ ಸೇರಿಸುವುದು ಅಷ್ಟು ದೊಡ್ಡ ದೇಶದಲ್ಲಿ ಆಗದ ಮಾತಾಗಿತ್ತು.

ಆ ಚಳಿಗಾಲಕ್ಕೆ ಮುಂಚೆ ನಮ್ಮ ಬೀದಿಯ ಚರ್ಚಿನ ಹೆಂಗಸರು ಒಂದು ಪ್ರವಾಸ ಇಟ್ಟರು. ಹೊರದೇಶದಿಂದ ಬಂದವರ ಹೆಂಡತಿಯರು ಮನೆಯಲ್ಲಿ ಕೂತು ಕೊರಗಬಾರದು ಎಂದು ಅವರು ಆಗಾಗ ಹೀಗೆ ಎಲ್ಲಿಗಾದರೂ ಕರೆದೊಯ್ಯುತ್ತಿದ್ದರು. ಈ ಸಲ ಬಸ್ಸಿನಲ್ಲಿ ಉತ್ತರಕ್ಕೆ, ಚಿಲುಮೆಗಳಿಗೆ ಹೆಸರಾದ ಒಂದು ಹಳೇ ಪಟ್ಟಣಕ್ಕೆ. ಅಲ್ಲಿನ ಐತಿಹಾಸಿಕ ಬಿಸಿನೀರಿನ ಸ್ನಾನಗೃಹಗಳನ್ನು ಗೈಡು ತೋರಿಸುತ್ತಾನೆ ಎಂದು ಒಂದು ಬಣ್ಣದ ಕಾಗದ ಹಂಚಿದರು. ಕಾಗದದ ಮೇಲೆ ಒಂದು ಚಿತ್ರ. ಅಮೃತಶಿಲೆಯ ಕಟ್ಟೆಯ ಮೇಲೆ ಬಟ್ಟೆ ಸುತ್ತಿಕೊಂಡು ಕೂತ ಹೆಂಗಸು, ಹಿಂದೆ ನಿಂತು ಹೂಜಿಯಿಂದ ಅವಳ ಹೆಗಲಿಗೆ ನೀರು ಸುರಿಯುತ್ತಿರುವ ಇನ್ನೊಬ್ಬಳು. ಅಕ್ಕ ಆ ಚಿತ್ರವನ್ನು ಬಹಳ ಹೊತ್ತು ನೋಡಿದರು. ಮಡಚಿ ಕುಪ್ಪಸದೊಳಗೆ ಇಟ್ಟುಕೊಂಡರು.

ಹೊರಟ ದಿನ ಬೆಳಗ್ಗೆ ಬಸ್ಸಿನಲ್ಲಿ ಅಕ್ಕ ನನ್ನ ಪಕ್ಕ ಬಂದು ಕೂತರು. ತಲೆಗೆ ಬಿಗಿಯಾಗಿ ವಸ್ತ್ರ ಕಟ್ಟಿದ್ದರು. ಮೇಲೆ ಗಂಡನ ದೊಡ್ಡ ಕೋಟು. ಮಡಿಲಲ್ಲಿ ಒಂದು ಚೀಲ, ಬಸ್ಸು ಕುಲುಕಿದಾಗೆಲ್ಲ ಅದರೊಳಗೆ ಏನೋ ಟಣ್ ಎನ್ನುತ್ತಿತ್ತು. ಬಸ್ಸಿನ ಹೀಟರು ಬಿಸಿಯಾದಂತೆ ಹರಳೆಣ್ಣೆಯ ವಾಸನೆ ಏಳತೊಡಗಿತು.

"ಅಕ್ಕ, ಎಣ್ಣೆ ಹಚ್ಕೊಂಡಿದೀರಾ?" ಎಂದು ಮೆಲ್ಲಗೆ ಕೇಳಿದೆ.

"ಮುಂಜಾನೆನ ಹಚ್ಚಕೊಂಡೆ. ಹೋಗೂದ್ರಾಗ ಮೈಗೆ ಇಳೀತದ," ಎಂದರು. ಚೀಲದ ಬಾಯಿ ಸ್ವಲ್ಪ ತೆರೆದು ತೋರಿಸಿದರು. ತಂಬಿಗೆ, ಸೀಗೆಪುಡಿಯ ಡಬ್ಬಿ, ಒಣ ಸೀರೆ.

ಇವರು ಸ್ನಾನ ಮಾಡಲು ಹೊರಟಿದ್ದಾರೆ ಎಂದು ಆಗ ತಿಳಿಯಿತು. ಅದು ತೋರಿಸುವುದಕ್ಕೆ ಮಾತ್ರ ಅಕ್ಕ ಎಂದು ಹೇಳಬಹುದಿತ್ತು. ಆದರೆ ನಿಜ ಹೇಳಬೇಕೆಂದರೆ ನನಗೂ ಖಾತ್ರಿಯಿರಲಿಲ್ಲ. ನಮ್ಮ ಕಡೆ ನೀರಿನ ಜಾಗಕ್ಕೆ ಅಷ್ಟು ದೂರ ಹೋದವರು ಮುಳುಗು ಹಾಕದೆ, ತಲೆಗೆ ನಾಲ್ಕು ಹನಿ ಪ್ರೋಕ್ಷಿಸಿಕೊಳ್ಳದೆ ಹಿಂದಿರುಗಿದ್ದನ್ನು ನಾನೂ ಕಂಡಿರಲಿಲ್ಲ. ಮಗುವನ್ನು ಮೊದಲ ಸಲ ನಮ್ಮವರ ಹತ್ತಿರ ಬಾಟಲಿಯ ಜೊತೆ ಬಿಟ್ಟು ಬಂದಿದ್ದೆ. ಎದೆ ಕಟ್ಟಿ, ಹಾಲು ಸೋರಿ, ರವಿಕೆ ಹುಳಿ ನಾತ ಹೊಡೆಯುತ್ತಿತ್ತು. ನನ್ನ ಹುಳಿ ನಾತ, ಅಕ್ಕನ ಎಣ್ಣೆ ನಾತ. ಮುಂದಿನ ಸೀಟಿನ ಹೆಂಗಸು ಮೊದಲು ತಿರುಗಿ ನೋಡಿದಳು, ಆಮೇಲೆ ಎದ್ದು ಬೇರೆ ಕಡೆ ಹೋದಳು. ನನಗೆ ಅವಳ ಜೊತೆ ಹೋಗಬೇಕೆನಿಸಿತು.

ಆ ಪಟ್ಟಣದಲ್ಲಿ ಇಳಿದಾಗ ನಮ್ಮಿಬ್ಬರ ನಾತ ಲೆಕ್ಕಕ್ಕೇ ಬರದಂಥ ನಾತ ಇತ್ತು. ಬೀದಿಯೆಲ್ಲ ಕೊಳೆತ ಮೊಟ್ಟೆ. ಗಂಧಕ, ಆರೋಗ್ಯಕ್ಕೆ ಬಹಳ ಒಳ್ಳೆಯದು ಎಂದು ಗೈಡು ಎದೆ ತುಂಬಾ ಉಸಿರೆಳೆದು ತೋರಿಸಿದ. ಮೀಸೆಗೆ ಬಣ್ಣ ಹಚ್ಚಿದ ಮುದುಕ. ಮೊದಲು ನೀರು ಕುಡಿಯುವ ಮಂಟಪಕ್ಕೆ ಕರೆದೊಯ್ದ. ಅಲ್ಲೊಂದು ಹಳೇ ತಗಡಿನ ಬಟ್ಟಲನ್ನು ಸರಪಳಿ ಹಾಕಿ ಕಟ್ಟಿದ್ದರು. ಹಿಂದಿನ ಕಾಲದಲ್ಲಿ ಬಂದವರೆಲ್ಲ ಅದೇ ಬಟ್ಟಲಿಗೆ ಬಾಯಿಟ್ಟು ಕುಡಿಯುತ್ತಿದ್ದರಂತೆ. ಕೆಮ್ಮಿನವರು, ಬಾಯಿ ಹುಣ್ಣಿನವರು, ಗವರ್ನರುಗಳು ಎಲ್ಲ. ಹೇಳುತ್ತಾ ಹೇಳುತ್ತಾ ತಾನೂ ಅದರಲ್ಲೇ ಮೊಗೆದು, ಅಂಚಿಗೆ ತುಟಿ ಒತ್ತಿ ಕುಡಿದು, ಕೈಯ ಹಿಂಬದಿಯಿಂದ ಮೀಸೆ ಒರೆಸಿಕೊಂಡ. ಎಷ್ಟು ಜನರ ಎಂಜಲೋ ಏನೋ. ನಮಗೆ ಕಾಗದದ ಲೋಟ ಕೊಟ್ಟರು. ನಾನು ಕುಂಡಕ್ಕೆ ಸುರಿದೆ. ಅಕ್ಕ ಮಾತ್ರ ಎತ್ತಿ ಕುಡಿದರು.

"ತತ್ತಿ ತೊಳದ ನೀರ ಇದ್ದಂಗ ಅದ," ಎಂದರು.

ಅಲ್ಲಿಂದ ಮುಂದೆ ಒಂದೊಂದು ಕೋಣೆಯೂ ಒಂದೊಂದು ಹೇಸಿಗೆ. ಕೆಸರು ಬಳಿದು ಮಲಗಿಸುತ್ತಿದ್ದ ಕೋಣೆ, ಗೋಡೆಯ ಬಿರುಕಿನಲ್ಲಿ ಇನ್ನೂ ಆ ಕೆಸರು ಒಣಗಿ ಕೂತಿತ್ತು. ಬಡವರ ಕೊಳ, ಅದರಲ್ಲಿ ಇಡೀ ಊರು ಒಟ್ಟಿಗೆ ಇಳಿಯುತ್ತಿತ್ತಂತೆ, ನೀರು ಮಾತ್ರ ಶನಿವಾರ ಬದಲಾಯಿಸುತ್ತಿದ್ದರಂತೆ. ಇನ್ನೊಂದು ಕೋಣೆಯಲ್ಲಿ ಉದ್ದುದ್ದ ಗಾಜಿನ ನಳಿಗೆಗಳು, ರಬ್ಬರ್ ಕೊಳವೆಗಳು. ಈ ನೀರನ್ನೇ ಹಿಂದಿನಿಂದ ಹೊಟ್ಟೆಯೊಳಗೆ ಬಿಟ್ಟು ಕರುಳು ತೊಳೆಯುತ್ತಿದ್ದರಂತೆ. ಗಾಜಿನದೇಕೆ ಎಂದರೆ, ಒಳಗಿನಿಂದ ಏನೇನು ಬರುತ್ತದೆ ಎಂದು ರೋಗಿ ತಾನೇ ನೋಡಬಹುದಲ್ಲ ಎಂದು ಗೈಡು ಕಣ್ಣು ಹೊಡೆದ. ಚರ್ಚಿನ ಹೆಂಗಸರು ನಕ್ಕರು. ನಾನು ಸೆರಗನ್ನು ಮೂಗಿಗೆ ಒತ್ತಿಕೊಂಡು ಗೋಡೆ ಮುಟ್ಟದ ಹಾಗೆ ನಿಂತಿದ್ದೆ. ಇದನ್ನೆಲ್ಲ ಇತಿಹಾಸ ಎಂದು ಟಿಕೆಟ್ಟಿಟ್ಟು ತೋರಿಸುವವರು, ನಮ್ಮ ಒಂದು ತಂಬಿಗೆ ಸೀಗೆನೀರಿಗೆ ಮನೆ ಬಿಡಿ ಎನ್ನುವವರು ಒಂದೇ ಜನವೇ ಎಂದು ಸಿಟ್ಟು ಬಂತು.

ಅಕ್ಕ ಇದ್ಯಾವುದನ್ನೂ ನೋಡುತ್ತಿರಲಿಲ್ಲ. ಪ್ರತಿ ಕೋಣೆಯಲ್ಲೂ ನನ್ನ ಮೊಣಕೈ ಹಿಡಿದು, "ನಮ್ಮ ಪಾಳಿ ಯಾವಾಗಂತ ಕೇಳ," ಎನ್ನುತ್ತಿದ್ದರು. ಕೊನೆಗೆ ತಾವೇ ಕೇಳಿದರು. ಐ ಟೇಕ್ ಬಾತ್, ವೇರ್? ಗೈಡು ದೊಡ್ಡದಾಗಿ ನಕ್ಕ. ಸ್ನಾನ ನಿಂತು ಬಹಳ ಕಾಲವಾಯಿತು ಮೇಡಂ, ಇದು ಹಿಸ್ಟರಿ ಎಂದ. ಹಾಗೆಯೇ ಇನ್ನೊಂದು ಮಾತು ಸೇರಿಸಿದ, ಈ ನೀರು ನೆಲದಿಂದ ಬರುವಾಗ ತಣ್ಣಗೇ ಇರುತ್ತದೆ, ಕೆಳಗೆ ಬಾಯ್ಲರಿನಲ್ಲಿ ಕಾಯಿಸುತ್ತಿದ್ದರು, ನಿಮ್ಮಂಥ ಪ್ರವಾಸಿಗಳಿಗೆ ತೋರಿಸಲು ಈಗಲೂ ಒಂದು ಉರಿಯುತ್ತದೆ ಎಂದು.

ನಾನು ಅನುವಾದಿಸಿ ಹೇಳಿದೆ. ಅಕ್ಕನ ಮುಖ ಸಣ್ಣದಾಯಿತು.

"ಸ್ನಾನದ ಜಾಗಕ್ಕ ಬಂದು ನೋಡಿ ಹೋಗೂದಂದ್ರೇನ, ತಂಗಿ?" ಎಂದರು. ಆ ಧ್ವನಿ… ಅದನ್ನು ಇಷ್ಟು ವರ್ಷವಾದರೂ ಬರೆಯಲು ಬರುವುದಿಲ್ಲ. ಅವರು ಬೆಳಗಿನ ಜಾವದಲ್ಲಿ ಎದ್ದು ತಮ್ಮ ಬೆನ್ನಿಗೆ ತಾವೇ ಕೈ ಎಟುಕಿಸಿಕೊಂಡು ಎಣ್ಣೆ ಹಚ್ಚಿಕೊಂಡಿರಬೇಕು ಎಂದು ನನಗೆ ಆಗ ಹೊಳೆಯಿತು.

ಕೊನೆಯದು ಹೆಂಗಸರ ಹಜಾರ. ಗೋಡೆಯುದ್ದಕ್ಕೂ ಬಿಳಿ ಹೆಂಚು, ಒಂದು ಕಲ್ಲಿನ ಕಟ್ಟೆ, ಹಿತ್ತಾಳೆಯ ಎರಡು ನಲ್ಲಿ. ಗೈಡು ಒಂದನ್ನು ತಿರುಗಿಸಿದ. ಗರಗರ ಶಬ್ದ ಮಾಡಿ ಮೊದಲು ತುಕ್ಕಿನ ನೀರು, ಆಮೇಲೆ ಹೊಗೆಯಾಡುವ ಬಿಸಿನೀರು ನೆಲಕ್ಕೆ ಬಿತ್ತು. ಎಲ್ಲರೂ ನಲ್ಲಿ ನೋಡುತ್ತಿದ್ದರೆ ಅಕ್ಕ ನೆಲ ನೋಡುತ್ತಿದ್ದರು. ನೆಲ ನಾಲ್ಕೂ ಕಡೆಯಿಂದ ನಡುವಿಗೆ ಇಳಿಜಾರಾಗಿತ್ತು. ನಡುವೆ ಹಿತ್ತಾಳೆಯ ಜಾಲರಿ. ನೀರು ಸುತ್ತಿಕೊಂಡು ಅದರೊಳಗೆ ಇಳಿದುಹೋಯಿತು.

"ಮೋರಿ," ಎಂದರು ಅಕ್ಕ.

ಗೈಡು ನಲ್ಲಿ ನಿಲ್ಲಿಸಿ, ಇನ್ನು ಕೆಳಗೆ ಅಂಗಡಿಯಿದೆ, ಪೋಸ್ಟ್‌ಕಾರ್ಡು ಕೊಳ್ಳಬಹುದು ಎಂದು ಎಲ್ಲರನ್ನೂ ಕರೆದುಕೊಂಡು ಹೋದ. ನಾನೂ ಹೊರಟೆ. ಬಾಗಿಲ ಹತ್ತಿರ ಹೋಗಿ ತಿರುಗಿ ನೋಡಿದರೆ ಅಕ್ಕ ಕೋಟು ಕಳಚಿ ಮೂಲೆಗಿಟ್ಟಿದ್ದರು. ಸೀರೆ ಬಿಚ್ಚಿ ಮಡಚುತ್ತಿದ್ದರು. ಲಂಗ, ಕುಪ್ಪಸದಲ್ಲಿ ಆ ಕಲ್ಲಿನ ಕಟ್ಟೆಯ ಮೇಲೆ ಕೂತು, ತಲೆಯ ವಸ್ತ್ರ ತೆಗೆದು ಕೂದಲು ಬಿಚ್ಚಿದರು. ಎಣ್ಣೆಯಲ್ಲಿ ನೆಂದ ಜಡೆ ಹಾಗೇ ಅಂಟಿಕೊಂಡಿತ್ತು. ತಂಬಿಗೆಯನ್ನು ನನ್ನ ಕಡೆ ಚಾಚಿದರು.

"ಅಕ್ಕ, ಬೇಡ. ಬಂದ್ಬಿಡ್ತಾರೆ. ಈ ನೀರು ಗಬ್ಬು ನಾರ್ತಿದೆ."

"ಹಾಕು," ಎಂದರು.

ನಾನು ಎರಡೂ ನಲ್ಲಿ ತಿರುಗಿಸಿದೆ. ಮೂಲೆಯಲ್ಲಿ ಪ್ರದರ್ಶನಕ್ಕೆಂದು ಇಟ್ಟಿದ್ದ ಒಂದು ತಾಮ್ರದ ಬಕೆಟ್ಟು ತಂದು ಹಿಡಿದೆ. ಹದ ಮಾಡಿ ಒಂದು ತಂಬಿಗೆ ತಲೆಯ ಮೇಲೆ ಮೆಲ್ಲಗೆ ಹೊಯ್ದೆ, ಸಿಡಿಯದ ಹಾಗೆ, ನನ್ನ ಸೀರೆ ಒದ್ದೆಯಾಗದ ಹಾಗೆ.

"ಹಂಗಲ್ಲ. ನಿನಗ ನಾ ಹೆಂಗ ಎರದೆ, ಹಂಗ."

ಹಾಗಾದರೆ ಹಾಗೆ ಎಂದು ಸೆರಗು ಸಿಕ್ಕಿಸಿ ಬೀಸಿ ಹೊಡೆದೆ. ಸೊಂಟಕ್ಕೆ, ಭುಜಕ್ಕೆ. ಮೊಟ್ಟೆ ನಾತದ ನೀರು ನನ್ನ ಮುಖಕ್ಕೆ ಸಿಡಿಯಿತು, ಬಾಯಿಗೂ ಹೋಯಿತು, ಉಗುಳಿದೆ. ಸೀಗೆಪುಡಿ ಕಲಸಿ ಅವರ ನೆತ್ತಿಗೆ ತಿಕ್ಕಿದೆ. ಇನ್ನೊಬ್ಬರ ಕೂದಲಿಗೆ ನಾನು ಕೈ ಹಾ‌ಕಿದ್ದು ಅದೇ ಮೊದಲು. ಕೂದಲು ಬೆರಳಿಗೆ ಸುತ್ತಿಕೊಂಡು ಬಂತು, ಹೆರಿಗೆಯಾದವರಿಗೆ ಉದುರುವ ಹಾಗೆಯೇ ಗೊಂಚಲು ಗೊಂಚಲಾಗಿ. ಮೈಯೆಲ್ಲ ಜುಂ ಎಂದಿತು. ಬಿಡಲಿಲ್ಲ. ಎಣ್ಣೆಯ ಜಿಡ್ಡು, ಸೀಗೆಯ ನೊರೆ, ತುಕ್ಕು ಎಲ್ಲ ಸೇರಿ ಬಿಳಿ ಹೆಂಚಿನ ಮೇಲೆ ಹರಿದು ಆ ಜಾಲರಿಗೆ ಹೋಗುತ್ತಿತ್ತು. ಯಾರ ಸಾಸಿಗೂ ತೊಟ್ಟಿಕ್ಕದೆ ನೆಟ್ಟಗೆ ಹೋಗುತ್ತಿತ್ತು. ಅಕ್ಕ ಎರಡೂ ಕೈಯಿಂದ ತಮ್ಮ ಹೊಟ್ಟೆ ಅಮುಕಿಕೊಂಡರು.

"ಇಲ್ಲಿ ಹಾಕು," ಎಂದರು.

ನಾನು ಅಲ್ಲಿಗೇ ಹಾಕಿದೆ. ಮತ್ತೆ ಮತ್ತೆ ಹಾಕಿದೆ. ಅವರ ಗಂಟಲಿನಿಂದ ಒಂದು ನರಳಿಕೆ ಬಂತು. ನಾನು ಹೆರುವಾಗ ನರಳಿದ ಹಾಗೆಯೇ ಇತ್ತು ಅದು.

ಆಗಲೇ ಬಾಗಿಲಲ್ಲಿ ಗೈಡು ನಿಂತಿದ್ದ. ಅವನ ಹಿಂದೆ ಚರ್ಚಿನ ಹೆಂಗಸರು, ಕೈಯಲ್ಲಿ ಪೋಸ್ಟ್‌ಕಾರ್ಡುಗಳು. ನಾತಕ್ಕೋ ನೋಟಕ್ಕೋ ಒಬ್ಬಳು ಕರವಸ್ತ್ರದಿಂದ ಮೂಗು ಮುಚ್ಚಿಕೊಂಡಳು. ಗೈಡು ನೆಲದ ಕಂದು ನೀರನ್ನು ನೋಡಿ, ಡಿಸ್ಗಸ್ಟಿಂಗ್ ಎಂದ. ಮನೆಯೊಡತಿ ಅಂದ ಅದೇ ಮಾತು. ಆ ಸರಪಳಿಯ ಬಟ್ಟಲಿಗೆ ತುಟಿ ಒತ್ತಿದ ಬಾಯಿ ಅದು. ನನಗೆ ಎಲ್ಲಿತ್ತೋ ರೋಷ. ಮೈಯೆಲ್ಲ ನೆಂದು, ರವಿಕೆಯಲ್ಲಿ ಹಾಲು ಇಳಿಯುತ್ತಾ, ಕೈಯಲ್ಲಿ ತಂಬಿಗೆ ಹಿಡಿದು ನಿಂತವಳು ಇಂಗ್ಲಿಷಿನಲ್ಲಿ ಒಂದೇ ವಾಕ್ಯ ಹೇಳಿದೆ.

"ಶೀ ಹ್ಯಾಡ್ ಎ ಬೇಬಿ."

ನಲ್ಲಿ ಸುರಿಯುತ್ತಲೇ ಇತ್ತು. ಚರ್ಚಿನ ಹೆಂಗಸರಲ್ಲಿ ಎಲ್ಲರಿಗಿಂತ ಹಿರಿಯವಳು, ನಮಗೆಲ್ಲ ಇಂಗ್ಲಿಷ್ ಕಲಿಸಲು ಬರುತ್ತಿದ್ದ ನೀಲಿ ಕೋಟಿನವಳು, ಕರವಸ್ತ್ರ ಕೆಳಗಿಳಿಸಿದಳು. ಅವಳಿಗೆ ಏನು ಅರ್ಥವಾಯಿತೋ, ಏನು ಆಗಲಿಲ್ಲವೋ. ಇಂಥ ಮಾತು ಕೇಳಿದರೆ ಅವಳ ಜನ ಏನು ಹೇಳುತ್ತಾರೋ ಅದನ್ನೇ ಹೇಳಿದಳು.

"ಓ. ಕಂಗ್ರಾಚುಲೇಶನ್ಸ್, ಡಿಯರ್."

ಅಕ್ಕ ತಲೆ ಎತ್ತಿದರು. ಕೂದಲಿನಿಂದ ನೀರು ಇಳಿಯುತ್ತಿತ್ತು. ಕಣ್ಣಿಗೆ ಸೀಗೆ ಹೋಗಿ ಕೆಂಪಾಗಿತ್ತು.

"ಥ್ಯಾಂಕ್ ಯೂ," ಎಂದರು.

ಹಿಂದಿರುಗುವಾಗ ನಮ್ಮ ಸುತ್ತಲಿನ ಸೀಟುಗಳೆಲ್ಲ ಖಾಲಿ. ಅಷ್ಟು ಚಳಿಯಲ್ಲೂ ಯಾರೋ ಕಿಟಕಿ ತೆರೆದಿದ್ದರು. ಅಕ್ಕ ಒಣ ಸೀರೆ ಉಟ್ಟು, ಕೋಟು ಹೊದ್ದು, ನನ್ನ ಭುಜಕ್ಕೆ ತಲೆಯಿಟ್ಟು ಬಾಣಂತಿಯ ನಿದ್ದೆ ಮಾಡಿದರು. ಒದ್ದೆ ಕೂದಲಿನಿಂದ ಕೊಳೆತ ಮೊಟ್ಟೆ, ಹರಳೆಣ್ಣೆ, ಸೀಗೆ ಮೂರೂ ಬೆರೆತ ವಾಸನೆ. ಜರ್ಸಿ ಸಿಟಿ ಬರುವವರೆಗೂ ಮುಖ ಆಚೆಗೆ ತಿರುಗಿಸಿಕೊಂಡೇ ಕೂತಿದ್ದೆ. ಭುಜ ಮಾತ್ರ ಅಲುಗಿಸಲಿಲ್ಲ. ಚರ್ಚಿನವರು ಆಮೇಲೆ ನಮ್ಮನ್ನು ಯಾವ ಪ್ರವಾಸಕ್ಕೂ ಕರೆಯಲಿಲ್ಲ.

ಮುಂದೆ ಅಕ್ಕನ ಗಂಡನಿಗೆ ಟೆಕ್ಸಸ್‌ನಲ್ಲಿ ಕೆಲಸ ಸಿಕ್ಕಿ ಹೊರಟುಹೋದರು. ಹೋಗುವಾಗ ತಂಬಿಗೆಯನ್ನು ನನಗೆ ಕೊಟ್ಟರು. ಸ್ವಲ್ಪ ಕಾಲ ದೀಪಾವಳಿಗೆ ಕಾಗದ ಬರುತ್ತಿತ್ತು. ಆಮೇಲೆ ಮನೆ ಬದಲಾದವು, ವಿಳಾಸ ತಪ್ಪಿತು… ಹಾಗೇ ಆಗುತ್ತದಲ್ಲ. ಟೆಕ್ಸಸ್ ಕಡೆಯವರು ಯಾರು ಸಿಕ್ಕರೂ ನಾನು ಅವರ ಬಗ್ಗೆ ಕೇಳುತ್ತಿದ್ದೆ.

ಆ ಪೊಟ್ಟಣ ಕತ್ತರಿಸಿದ ದಿನವೇ ಸಂಜೆ ಮಗು ನೋಡಲು ಮಗಳ ಪರಿಚಯದ ದಂಪತಿ ಬಂದರು. ಗಂಡ ಟೆಕ್ಸಸ್‌ನಲ್ಲಿ ಬಹಳ ವರ್ಷ ಇದ್ದವರಂತೆ. ಅಭ್ಯಾಸದಂತೆ ಕೇಳಿದೆ. ಅವರಿಗೆ ಗೊತ್ತಿತ್ತು.

"ಅಯ್ಯೋ, ಆ ಧಾರವಾಡದ ಆಂಟಿನಾ? ಹೋದ ವರ್ಷ ತೀರಿಕೊಂಡ್ರಲ್ಲ," ಎಂದರು. ಕಾಫಿ ಗುಟುಕರಿಸಿ ಸೇರಿಸಿದರು, "ಪಾಪ, ಮಕ್ಕಳೇ ಆಗಲಿಲ್ಲ ಅವರಿಗೆ."

ಮಗಳು ಮಗುವನ್ನು ಎತ್ತಿಕೊಂಡು ಎದುರಿಗೇ ಕೂತಿದ್ದಳು. ನನ್ನ ಬೆರಳಿನಲ್ಲಿ ಆ ಉಪ್ಪಿನ ನಾತ ಇನ್ನೂ ಇತ್ತು. ಎರಡು ಸಲ ಸೋಪು ಹಾಕಿ ತೊಳೆದಿದ್ದೆ.

"ಆಗಿತ್ತು," ಎಂದೆ. "ಒಂದು ಹಡೆದಿದ್ರು. ನಾನೇ ನೀರು ಹಾಕಿದ್ದೀನಿ."